ಗೌರಿ ಹಬ್ಬಕ್ಕೆ ಕರೆಯಲು ಬಂದವರು

ನನಗೆ ಕಾರು ಓಡಿಸಲು ಬರುತ್ತದೆ. ಇದನ್ನು ಮೊದಲೇ ಹೇಳಿಬಿಡುವುದು ಒಳ್ಳೆಯದು, ಯಾಕೆಂದರೆ ಮುಂದಿನದನ್ನು ಓದಿದ ಮೇಲೆ ನಿಮಗೆ ಅನುಮಾನ ಬರಬಹುದು. ಕಾರು ನನ್ನದೇ, ನನ್ನ ಸಂಬಳದಲ್ಲೇ ಕೊಂಡದ್ದು. ತರೀಕೆರೆಯ ದನದ ಆಸ್ಪತ್ರೆಯಲ್ಲಿ ನನಗೆ ಕೆಲಸ. ಸುತ್ತಲಿನ ಹಳ್ಳಿಗಳಲ್ಲಿ ಹಸು ಬೆದೆಗೆ ಬಂದರೆ, ಎಮ್ಮೆ ಮೇವು ಬಿಟ್ಟರೆ, ಕರು ಹೊಟ್ಟೆಯಲ್ಲಿ ಅಡ್ಡ ಸಿಕ್ಕಿಕೊಂಡರೆ ಮೊದಲು ಫೋನ್ ಬರುವುದು ನನಗೆ. ಭುಜದವರೆಗೆ ರಬ್ಬರ್ ಕೈಗವಸು ಏರಿಸಿಕೊಂಡು ಕೊಟ್ಟಿಗೆಯಲ್ಲಿ ನಿಂತೆ ಅಂದರೆ ಹಾಯುವ ಹಸುವೂ ಒಂದು ಗಳಿಗೆ ಯೋಚನೆ ಮಾಡುತ್ತದೆ. ಇಂಥ ನಾನು ಗೌರಿ ಹಬ್ಬಕ್ಕೆ ತವರಿಗೆ ಹೋಗಬೇಕಾದರೆ ಮಾತ್ರ ನನ್ನ ತಮ್ಮ ಬಂದು ಕರೆದುಕೊಂಡು ಹೋಗಬೇಕು.

ತಮ್ಮನಿಗೆ ಕಾರು ಓಡಿಸಲು ಬರುವುದಿಲ್ಲ. ದೇವನೂರಿನ ಕಡೆ ನಮ್ಮ ಊರು. ಅಲ್ಲಿ ಅವನು ಈರುಳ್ಳಿ, ರಾಗಿ, ಒಂದಷ್ಟು ತೆಂಗು ನೋಡಿಕೊಂಡು ಇದ್ದಾನೆ. ಟ್ರ್ಯಾಕ್ಟರ್ ಓಡಿಸುತ್ತಾನೆ, ಆದರೆ ಕಾರು ಅಂದರೆ ಅವನಿಗೆ ಭಯ. ಹಾಗಾಗಿ ಪ್ರತಿ ವರ್ಷ ಹಬ್ಬದ ಹಿಂದಿನ ದಿನ ಅವನು ಬೆಳಗಿನ ಬಸ್ಸಿಗೆ ಕಡೂರಿಗೆ ಬಂದು, ಅಲ್ಲಿಂದ ಬೀರೂರಿಗೆ ಬಂದು, ಬೀರೂರಿನಲ್ಲಿ ರೈಲು ಹತ್ತಿ ತರೀಕೆರೆಯಲ್ಲಿ ಇಳಿದು, ಬಾಳೆಹಣ್ಣಿನ ಚಿಪ್ಪು, ಸೇವಂತಿಗೆ ಹೂವು, ಒಂದು ರವಿಕೆ ಕಣ ಹಿಡಿದುಕೊಂಡು ನಮ್ಮ ಮನೆ ಬಾಗಿಲಿಗೆ ಬರುತ್ತಾನೆ. ಬೆಲ್ಲ ನೀರು ಕುಡಿಯುತ್ತಾನೆ. ನಮ್ಮ ಅತ್ತೆಯ ಮುಂದೆ ಕೈಕಟ್ಟಿ ಕೂತು, "ಅಕ್ಕನ್ನ ಹಬ್ಬಕ್ಕೆ ಕಳಿಸಿಕೊಡಿ ಅತ್ತೆ" ಅನ್ನುತ್ತಾನೆ. ಅತ್ತೆ ಒಂದು ಗಳಿಗೆ ಯೋಚನೆ ಮಾಡಿದ ಹಾಗೆ ಮುಖ ಮಾಡಿ ಆಮೇಲೆ ಒಪ್ಪುತ್ತಾರೆ. ಊಟವಾಗುತ್ತದೆ. ನಂತರ ನನ್ನನ್ನು ಕರೆದುಕೊಂಡು ಹೋಗಲು ಬಂದ ನನ್ನ ತಮ್ಮನನ್ನು ನಾನು ಕಾರಿನಲ್ಲಿ ಪಕ್ಕಕ್ಕೆ ಕೂರಿಸಿಕೊಂಡು, ಬೆಲ್ಟು ಕಟ್ಟಿ, ಅವನು ಬಂದ ದಾರಿಯಲ್ಲೇ ಊರಿಗೆ ಕರೆದುಕೊಂಡು ಹೋಗುತ್ತೇನೆ. ಬೀರೂರು ಬರುವ ಮೊದಲೇ ಅವನು ಗೊರಕೆ ಹೊಡೆಯುತ್ತಿರುತ್ತಾನೆ.

ಆಸ್ಪತ್ರೆಯಲ್ಲಿ ಇದನ್ನು ಹೇಳಿದಾಗ ಜೊತೆಯವರೆಲ್ಲ ಬಿದ್ದು ಬಿದ್ದು ನಕ್ಕರು. ನಾನೂ ನಕ್ಕೆ. ಆದರೆ ಈ ಏರ್ಪಾಡಿಗೆ ನಮ್ಮ ಅತ್ತೆಯ ಹತ್ತಿರ ವಿನಾಯಿತಿ ಇರಲಿಲ್ಲ. "ಕರೆಯದೆ ತವರಿಗೆ ಹೋಗಬಾರದು ಕಣೇ. ತಾನಾಗಿ ಹೋದ್ರೆ ನೆಂಟರು, ಕರೆಸಿಕೊಂಡು ಹೋದ್ರೆ ಮಗಳು" ಎಂದು ಮದುವೆಯಾದ ಮೊದಲ ವರ್ಷ ಹೇಳಿದ್ದರು. ಆಮೇಲೆ ಹೇಳುವ ಅಗತ್ಯವೇ ಬೀಳಲಿಲ್ಲ, ನೋಟವೇ ಸಾಕಾಗುತ್ತಿತ್ತು.

ಹಾಗಂತ ನಮ್ಮ ಅತ್ತೆ ಹಳೇ ಕಾಲದವರು ಎಂದುಕೊಂಡರೆ ನೀವು ಮೋಸ ಹೋದಿರಿ. ಬೆಳಿಗ್ಗೆ ಲಿಂಗಪೂಜೆ ಆಗುವ ತನಕ ಬಾಯಿಗೆ ಏನೂ ಹಾಕುವುದಿಲ್ಲ ಎಂದು ಊರೆಲ್ಲ ನಂಬಿದೆ. ನಿಜ ಏನೆಂದರೆ ಪೂಜೆಗೆ ಮೊದಲು ದೊಡ್ಡ ಲೋಟದಲ್ಲಿ ಕಾಫಿ ಇಳಿಯುತ್ತದೆ. "ಕಾಫಿ ಆಹಾರ ಅಲ್ಲ ಕಣೇ, ಔಷಧಿ" ಅನ್ನುತ್ತಾರೆ. ಮಿಕ್ಸಿಯಲ್ಲಿ ರುಬ್ಬಿದ ಚಟ್ನಿ ಬೇಡ, ಒರಳಿನದೇ ಬೇಕು ಎಂದು ಐದು ವರ್ಷ ಹಟ ಹಿಡಿದವರು, ಕೈ ನೋವು ಬಂದ ದಿನ ಮಿಕ್ಸಿಗೆ ಅರಿಶಿನ ಕುಂಕುಮ ಇಟ್ಟು ಒಳಗೆ ಕರೆದುಕೊಂಡರು. ಫೋನಿನಲ್ಲಿ ಧಾರಾವಾಹಿ ನೋಡುತ್ತಾರೆ, ಅಷ್ಟು ಸಾಲದು ಅಂತ ನಿನ್ನೆಯದನ್ನು ಮತ್ತೊಂದು ಸಲ ನೋಡುತ್ತಾರೆ. ನನಗೆ ಈ ಕೆಲಸ ಸಿಕ್ಕಾಗ ನಮ್ಮ ಮಾವ, "ದನದ ಬಾಲ ಎತ್ತೋ ಕೆಲಸ ಹೆಂಗಸರಿಗಾ?" ಎಂದು ಮೂಗು ಮುರಿದರು. "ನೀವು ಕುಡಿಯೋ ಹಾಲು ಯಾವ ಬಾಲದ ಹತ್ರದಿಂದ ಬರ್ತದೆ?" ಎಂದು ಅವರ ಬಾಯಿ ಮುಚ್ಚಿಸಿದವರು ಅತ್ತೆಯೇ. ಅವರ ಲೆಕ್ಕದಲ್ಲಿ ಹೆಣ್ಣು ಕೊಟ್ಟಿಗೆಗೆ ಹೋಗಬಹುದು, ಕಾರು ಬಿಡಬಹುದು, ಸಂಬಳ ತರಬಹುದು. ತವರಿಗೆ ಮಾತ್ರ ಕರೆಯದೆ ಹೋಗಬಾರದು.

ಕೆಟ್ಟದ್ದು ಶುರುವಾಗಿದ್ದು ನನ್ನ ಒಳ್ಳೆಯತನದಿಂದ. ಹೋದ ವರ್ಷದ ಹಿಂದಿನ ವರ್ಷ ತಮ್ಮ ಬಂದಾಗ ಸೋನೆ ಹಿಡಿದಿತ್ತು. ಈರುಳ್ಳಿ ಕಿತ್ತು ಹೊಲದಲ್ಲಿ ಹರಡಿದ್ದರು. ಮೇಲೆ ಪ್ಲಾಸ್ಟಿಕ್ ಹೊದಿಸುವ ಕೆಲಸ ಬಿಟ್ಟು ಈ ಮಹಾರಾಯ ಸೇವಂತಿಗೆ ಹೂವು ಹಿಡಿದುಕೊಂಡು ಎರಡು ಬಸ್ಸು ಒಂದು ರೈಲು ಹತ್ತಿ ಬಂದಿದ್ದ. ಷರಟು ಒದ್ದೆ, ಚಪ್ಪಲಿ ತುಂಬ ಕೆಸರು, ಕಣ್ಣಲ್ಲಿ ನಿದ್ದೆ. ನನಗೆ ಹೊಟ್ಟೆ ಉರಿಯಿತು. ನನ್ನ ಸಿಟ್ಟು ಬೇರೆ ಮೂಗಿನ ತುದಿಯಲ್ಲೇ ಇರುತ್ತದೆ.

"ನಿನಗೆ ಬುದ್ಧಿ ಇಲ್ವೇನೋ? ಅಲ್ಲಿ ಬೆಳೆ ಕೊಳೀತಿದೆ, ಇಲ್ಲಿ ನನ್ನನ್ನ ಕರೆಯೋಕೆ ಬಂದಿದೀಯ. ದಾರಿ ಗೊತ್ತಿಲ್ವಾ ನನಗೆ? ಮುಂದಿನ ವರ್ಷದಿಂದ ಬಂದ್ರೆ ನೋಡು. ಒಂದು ಫೋನ್ ಹಾಕು, ನಾನೇ ಬತ್ತೀನಿ" ಅಂದೆ.

ಅತ್ತೆ ಅಲ್ಲೇ ಇದ್ದರು. ನನ್ನ ಮುಖವನ್ನೇ ಸ್ವಲ್ಪ ಹೊತ್ತು ನೋಡಿದರು. ಬಯ್ಯಲಿಲ್ಲವಲ್ಲ, ಒಪ್ಪಿದರು ಎಂದು ನಾನು ಗೆದ್ದ ಖುಷಿಯಲ್ಲಿದ್ದೆ.

ನನ್ನ ತಮ್ಮನಲ್ಲಿ ಒಂದು ದೊಡ್ಡ ದೋಷ ಇದೆ. ಅವನು ಹೇಳಿದ ಮಾತು ಕೇಳುತ್ತಾನೆ. ಹೋದ ವರ್ಷ ಹಬ್ಬಕ್ಕೆ ಮೂರು ದಿನ ಇರುವಾಗ ಸಂಜೆ ನನ್ನ ಫೋನಿಗೆ ವಿಡಿಯೋ ಕಾಲ್ ಬಂತು. ತೆಗೆದರೆ ತಮ್ಮ ನಮ್ಮ ಊರಿನ ಪಡಸಾಲೆಯಲ್ಲಿ ಇಸ್ತ್ರಿ ಮಾಡಿದ ಷರಟು ಹಾಕಿಕೊಂಡು, ಹಣೆಗೆ ವಿಭೂತಿ ಬಳಿದುಕೊಂಡು ಮದುವೆ ಗಂಡಿನ ಹಾಗೆ ಕೂತಿದ್ದಾನೆ. "ಅಕ್ಕಾ, ಅತ್ತೆ ಕೈಗೆ ಕೊಡು" ಅಂದ. ಅತ್ತೆ ಗೌರಿಗೆ ಹತ್ತಿಯಲ್ಲಿ ಗೆಜ್ಜೆವಸ್ತ್ರ ಮಾಡುತ್ತಾ ನೆಲದ ಮೇಲೆ ಕೂತಿದ್ದರು. ಫೋನನ್ನು ಅವರ ಮುಂದೆ ಹಿಡಿದೆ. ತಮ್ಮ ಅಲ್ಲಿಂದಲೇ ಬಾಳೆಹಣ್ಣಿನ ಚಿಪ್ಪು ಎತ್ತಿ ತೋರಿಸಿದ. ಹೂವು ತೋರಿಸಿದ. ರವಿಕೆ ಕಣವನ್ನು ಬಿಚ್ಚಿ, ಅಂಚು ಕಾಣುವ ಹಾಗೆ ಹಿಡಿದು ತೋರಿಸಿದ. ಆಮೇಲೆ ಕೈಕಟ್ಟಿ, "ಅಕ್ಕನ್ನ ಹಬ್ಬಕ್ಕೆ ಕಳಿಸಿಕೊಡಿ ಅತ್ತೆ" ಅಂದ.

ನನಗೆ ನಗು ತಡೆಯಲಾಗಲಿಲ್ಲ. ಅತ್ತೆ ನಗಲಿಲ್ಲ. ಫೋನನ್ನು ನನ್ನ ಕೈಯಿಂದ ತೆಗೆದುಕೊಂಡು ಮಂಚದ ಮೇಲೆ ಬೋರಲು ಹಾಕಿದರು. ಒಳಗಿನಿಂದ ತಮ್ಮ "ಅತ್ತೆ, ಅತ್ತೆ, ಕತ್ತಲಾಯ್ತು" ಅನ್ನುತ್ತಿದ್ದ.

"ಫೋನೊಳಗೆ ಬಂದೋನಿಗೆ ಬೆಲ್ಲ ನೀರು ಎಲ್ಲಿಗೆ ಕೊಡ್ಲಿ ನಾನು?" ಅಂದರು ಅತ್ತೆ. "ಇದು ಕರೆಯೋದಲ್ಲ. ಬಂದು ಕರೆದ್ರೆ ಹೋಗು. ಇಲ್ಲಾಂದ್ರೆ ಇಲ್ಲೇ ಇರು."

"ಅತ್ತೆ, ನಾನೇ ಬರಬೇಡ ಅಂದಿದ್ದು."

"ಅದೇ ತಪ್ಪಾಗಿದ್ದು."

"ಏನು ತಪ್ಪು? ಅವನು ಕೆಲಸ ಬಿಟ್ಟು ಬಂದು ನನ್ನ ಕಾರಲ್ಲೇ ನಿದ್ದೆ ಮಾಡ್ಕೊಂಡು ವಾಪಸ್ ಹೋಗೋದರಲ್ಲಿ ಯಾವ ಸಂಪ್ರದಾಯ ಇದೆ?"

"ಇದೆ" ಅಂದರು. ಅಷ್ಟೇ. ಯಾಕೆ, ಏನು, ಎತ್ತ, ಒಂದೂ ಇಲ್ಲ. ಮತ್ತೆ ಹತ್ತಿ ಎಳೆಯತೊಡಗಿದರು.

ಅಡುಗೆ ಮನೆಯಲ್ಲಿ ನೀರು ಕುಡಿಯುತ್ತಿದ್ದ ನಮ್ಮ ಮನೆಯವರು ಮೋಟರು ಆಫ್ ಮಾಡಿ ಬರುತ್ತೇನೆ ಎಂದು ಹಿತ್ತಲಿಗೆ ಹೋದರು. ನಮ್ಮಿಬ್ಬರ ದನಿ ಏರಿದಾಗಲೆಲ್ಲ ಅವರಿಗೆ ಮೋಟರು ನೆನಪಾಗುತ್ತದೆ. ಮಾವ ಪೇಪರನ್ನು ಮುಖದ ಮಟ್ಟಕ್ಕೆ ಏರಿಸಿಕೊಂಡರು.

ಆ ದಿನ ಬೆಳಗಿನಿಂದ ಮೂರು ಹಳ್ಳಿ ಸುತ್ತಿದ್ದೆ. ಒಂದು ಕರು ಕೈಯಲ್ಲೇ ಸತ್ತಿತ್ತು. ಅದೆಲ್ಲ ಸೇರಿ ನನ್ನ ನಾಲಿಗೆ ಹದ ತಪ್ಪಿತು. "ನಿಮ್ಮ ತವರಿಂದ ಹನ್ನೊಂದು ವರ್ಷದಿಂದ ಒಂದು ನರಪಿಳ್ಳೆ ನಿಮ್ಮನ್ನ ಕರೆಯೋಕೆ ಈ ಹೊಸ್ತಿಲು ದಾಟಿಲ್ಲ. ಅದಕ್ಕೇ ನನಗೂ ಅಡ್ಡಗಾಲು ಹಾಕ್ತೀರಾ?" ಅಂದುಬಿಟ್ಟೆ.

ಅಂದ ತಕ್ಷಣ ಗೊತ್ತಾಯಿತು. ಆ ಮನೆಯಲ್ಲಿ ಯಾರೂ ಆಡದ ಮಾತು ಅದು. ಅಜ್ಜಂಪುರದಲ್ಲಿ ಅತ್ತೆಯ ತವರು. ಅಣ್ಣ ಇರುವ ತನಕ ಪ್ರತಿ ವರ್ಷ ಬಂದು ಕರೆಯುತ್ತಿದ್ದರಂತೆ. ಅವರು ತೀರಿಹೋದ ಮೇಲೆ ಅಣ್ಣನ ಮಗ ಒಂದು ವರ್ಷ ಬಂದ, ಆಮೇಲೆ ನಿಂತುಹೋಯಿತು. ಮದುವೆ, ನಾಮಕರಣ ಅಂದರೆ ಅತ್ತೆ ಹೋಗುತ್ತಿದ್ದರು, ಉಂಡು ಅದೇ ದಿನ ವಾಪಸ್. ಗೌರಿ ಹಬ್ಬಕ್ಕೆ ಮಾತ್ರ ಇಲ್ಲ. ನಮ್ಮ ಮನೆಯವರೇ ಒಂದು ಸಲ, "ನಾನು ಬಿಟ್ಟು ಬತ್ತೀನಿ ಬಾರಮ್ಮ" ಅಂದಿದ್ದಕ್ಕೆ, "ನೀನು ಬಿಟ್ಟು ಬರೋಕೆ ನಾನೇನು ರಾಗಿ ಮೂಟೇನಾ?" ಎಂದು ಕೇಳಿದ್ದರು.

ಅತ್ತೆ ತಿರುಗಿ ಬಯ್ದಿದ್ದರೆ ಸರಿಹೋಗುತ್ತಿತ್ತು. ಬಯ್ಯಲಿಲ್ಲ. ಕೈಲಿದ್ದ ಹತ್ತಿಯನ್ನು ತಟ್ಟೆಗೆ ಹಾಕಿ, "ಹೋಗಮ್ಮ. ನಾಳೆನೇ ಹೋಗು. ಯಾರು ಬೇಡ ಅಂದ್ರು" ಎಂದು ಎದ್ದು ಹೋದರು. ನನಗೆ ಬೇಕಾಗಿದ್ದ ಅಪ್ಪಣೆ ಸಿಕ್ಕಿತ್ತು, ಅದನ್ನು ಇಟ್ಟುಕೊಂಡು ಏನು ಮಾಡಬೇಕೋ ತಿಳಿಯಲಿಲ್ಲ.

ಆ ಸಂಜೆ ಸಾರಿಗೆ ಉಪ್ಪು ಹಾಕುವುದನ್ನೇ ಮರೆತಿದ್ದೆ. ಅತ್ತೆ ತುಟಿ ಪಿಟಕ್ಕೆನ್ನದೆ ಉಂಡರು. ಬೆಳಿಗ್ಗೆ ಕಾಫಿಗೆ ಸಕ್ಕರೆ ಎರಡು ಸಲ ಬಿದ್ದಿತ್ತು, ಅದನ್ನೂ ಕುಡಿದರು. ಇಪ್ಪತ್ತೆರಡು ವರ್ಷದಿಂದ ನನ್ನ ಕಾಫಿಯಲ್ಲಿ ತಪ್ಪು ಹುಡುಕದೆ ಅವರಿಗೆ ಬೆಳಕು ಹರಿದದ್ದಿಲ್ಲ. ಬಟ್ಟೆ ಹಿಂಡಿದ್ದು ಸಾಲದು, ರಂಗೋಲಿ ಸೊಟ್ಟ, ಕುಕ್ಕರ್ ಒಂದು ಸೀಟಿ ಹೆಚ್ಚು ಕೂಗಿತು, ಹೀಗೆ ದಿನಕ್ಕೆ ಹತ್ತಾದರೂ ಇರುತ್ತಿತ್ತು. ಈಗ ಒಂದೂ ಇಲ್ಲ. ಇಷ್ಟು ವರ್ಷ ಯಾವುದು ನಿಂತರೆ ಸಾಕಪ್ಪಾ ಶಿವನೇ ಎಂದು ಬೇಡಿಕೊಂಡಿದ್ದೆನೋ ಅದು ನಿಂತಿತ್ತು, ನನಗೆ ಮನೆಯಲ್ಲಿ ಕೂರಲಾಗಲಿಲ್ಲ. ತಪ್ಪಾಯಿತು ಅನ್ನಬೇಕು ಎಂದು ನಾಲ್ಕು ಸಲ ಅವರ ಹತ್ತಿರ ಹೋದೆ. ನಾಲ್ಕು ಸಲವೂ "ಬೇಳೆ ನೆನೆಹಾಕ್ಲಾ ಅತ್ತೆ?" ಎಂದು ಕೇಳಿ ವಾಪಸ್ ಬಂದೆ. ಅವರು ನಾಲ್ಕು ಸಲವೂ "ಹೂಂ" ಅಂದರು.

ಅರ್ಧ ದಿನ ರಜೆ ಹಾಕಿ ಕಾರು ತೆಗೆದೆ. ತವರಿಗಲ್ಲ, ಅಜ್ಜಂಪುರಕ್ಕೆ.

ಅತ್ತೆಯ ಅಣ್ಣನ ಮಗನದು ಅಲ್ಲಿ ಹಿಟ್ಟಿನ ಗಿರಣಿ. ಅವನ ಅಪ್ಪನ ಕಾಲದ್ದು. ಹಬ್ಬದ ಹಿಂದುಮುಂದು ಅಲ್ಲಿ ಕಾಲಿಡಲು ಜಾಗವಿರುವುದಿಲ್ಲ. ಕಡಲೆಹಿಟ್ಟು, ಅಕ್ಕಿಹಿಟ್ಟು, ಸಾರಿನ ಪುಡಿ, ಎಲ್ಲದಕ್ಕೂ ಡಬ್ಬ ಹಿಡಿದ ಹೆಂಗಸರು. ಅವನು ರೆಪ್ಪೆ, ಕಿವಿ, ಮೀಸೆ ಎಲ್ಲ ಬೆಳ್ಳಗೆ ಮಾಡಿಕೊಂಡು ಅವರ ಮಧ್ಯೆ ನಿಂತಿದ್ದ. ನನ್ನನ್ನು ನೋಡಿ ಗಾಬರಿಯಾದ.

"ಏನಕ್ಕಾ, ಈ ಕಡೆ? ಎಲ್ಲ ಚೆನ್ನಾಗಿದಾರಾ?"

ದಾರಿಯಲ್ಲಿ ಒಂದು ನೆಪ ಹೊಂದಿಸಿಕೊಂಡಿದ್ದೆ. "ಈ ಕಡೆ ಬಂದಿದ್ದೆ. ನಿನ್ನ ಹಸು ಒಂದು ಸಲ ನೋಡ್ಕೊಂಡು ಹೋಗೋಣ ಅಂತ" ಅಂದೆ.

"ಹಸು ಮಾರಿ ಎರಡು ವರ್ಷ ಆಯ್ತಲ್ಲಕ್ಕಾ."

ಡಬ್ಬ ಹಿಡಿದ ಹೆಂಗಸರು ನಕ್ಕರು. ನನ್ನ ಮುಖ ಬೆಂಕಿಯಾಯಿತು. ಇನ್ನು ಸುತ್ತಿ ಬಳಸುವುದು ನನ್ನ ಕೈಲಿ ಆಗುವುದಿಲ್ಲ ಎಂದು ನೇರವಾಗಿ ಕೇಳಿದೆ. "ಹಸು ಹಾಳಾಗ್ಲಿ. ನೀನು ಅತ್ತೆನ ಹಬ್ಬಕ್ಕೆ ಕರೆಯೋಕೆ ಯಾಕಪ್ಪಾ ಬರಲ್ಲ? ಇರೋಳು ಒಬ್ಬಳು ಸೋದರತ್ತೆ. ಒಂದು ದಿನ ಗಿರಣಿ ಬಿಟ್ಟು ಬಂದ್ರೆ ಅಜ್ಜಂಪುರ ಉಪವಾಸ ಬೀಳ್ತದಾ?"

ಅವನು ಗಿರಣಿ ನಿಲ್ಲಿಸಿದ. ಬೆಲ್ಟು ಎರಡು ಸುತ್ತು ಪಟಪಟ ಎಂದು ಸದ್ದು ಮಾಡಿ ನಿಂತಿತು.

"ನಾನೆಲ್ಲಿ ಬಿಟ್ಟೆ ಅಕ್ಕಾ? ಅತ್ತೆನೇ ಅಲ್ವಾ ಬರಬೇಡ ಅಂದಿದ್ದು?"

ಅವನು ಹೇಳಿದ್ದು ಇಷ್ಟು. ಅಪ್ಪ ತೀರಿಹೋದ ವರ್ಷ ಗಿರಣಿ ಹೊಸದಾಗಿ ಅವನ ಕೈಗೆ ಬಂದಿತ್ತು. ಅದೇ ಹಬ್ಬದ ಮುಂದಿನ ಗದ್ದಲ. ಆದರೂ ಅಪ್ಪ ಮಾಡುತ್ತಿದ್ದುದನ್ನು ತಪ್ಪಿಸಬಾರದು ಎಂದು ಬಾಗಿಲು ಹಾಕಿ, ಹಣ್ಣು ಹೂವು ಹಿಡಿದು ತರೀಕೆರೆಗೆ ಹೋದ. ಅತ್ತೆ ಬಂದು ಹಬ್ಬ ಮಾಡಿ ಹೋದರು. ಹೊರಡುವಾಗ ಗಿರಣಿಯ ಮುಂದೆ ಸಾಲಾಗಿ ಕೂತಿದ್ದ ಡಬ್ಬಗಳನ್ನೂ ಬೊಬ್ಬೆ ಎದ್ದ ಅವನ ಅಂಗೈಗಳನ್ನೂ ನೋಡಿದರಂತೆ. "ಲೇ ಮಗನೇ, ಹಬ್ಬದ ಮುಂದೆ ಯಾರಾದ್ರೂ ಬಾಗಿಲು ಹಾಕ್ಕೊಂಡು ಬರ್ತಾರೇನೋ? ಈ ಕಾಲದಲ್ಲಿ ಇದೆಲ್ಲ ಯಾತಕ್ಕೆ? ಮುಂದಿನ ವರ್ಷದಿಂದ ಒಂದು ಫೋನ್ ಹಾಕು ಸಾಕು, ನಾನೇ ಬತ್ತೀನಿ" ಅಂದರಂತೆ.

"ಅವತ್ತಿಂದ ವರ್ಷಾ ವರ್ಷಾ ಫೋನ್ ಹಾಕ್ತಾನೇ ಇದೀನಿ ಅಕ್ಕಾ. ಅತ್ತೆ ಮಂಡಿ ನೋವು ಅಂತಾರೆ. ನಮ್ಮನೆ ಅಂದ್ರೆ ಅವರಿಗೆ ಬೇಜಾರಾಗಿರಬೇಕು ಅಂತ ನಾನೂ ಸುಮ್ಮನಾದೆ."

ನಾನು ಅಲ್ಲೇ ಇದ್ದ ಅಕ್ಕಿ ಮೂಟೆಯ ಮೇಲೆ ಕೂತುಬಿಟ್ಟೆ. ಅತ್ತೆಗೆ ಮಂಡಿ ನೋವೂ ಇಲ್ಲ, ಮಣ್ಣಾಂಗಟ್ಟಿಯೂ ಇಲ್ಲ. ದಿನಕ್ಕೆ ಎರಡು ಸಲ ಏಣಿ ಹಾಕಿ ಅಟ್ಟ ಹತ್ತಿ ಇಳಿಯುತ್ತಾರೆ. ಆದರೆ ಪ್ರತಿ ವರ್ಷ ಹಬ್ಬದ ಹಿಂದಿನ ದಿನ ಅವರು ಒಳ್ಳೆಯ ಸೀರೆ ಉಟ್ಟು ಬೆಳಿಗ್ಗೆಯಿಂದ ಜಗಲಿಯ ಮೇಲೆ ಕೂರುತ್ತಿದ್ದರು, ಮಧ್ಯಾಹ್ನದ ಬಸ್ಸು ಹೋದ ಮೇಲೆ ಒಳಗೆ ಬಂದು ಸೀರೆ ಬದಲಾಯಿಸುತ್ತಿದ್ದರು. ನಾನು ಅದನ್ನು ಹನ್ನೊಂದು ವರ್ಷ ನೋಡಿದ್ದೆ. ಹಬ್ಬಕ್ಕೆ ನೆರೆಹೊರೆಯವರು ಬರುತ್ತಾರಲ್ಲ, ಅದಕ್ಕೆ ಎಂದುಕೊಂಡಿದ್ದೆ. ಹಸುವಿನ ಕಣ್ಣು ನೋಡಿ ಜ್ವರ ಹೇಳುವವಳು ನಾನು!

ನನ್ನ ಅತ್ತೆ ನನಗಿಂತ ಮೊದಲೇ ಹೊಸ ಕಾಲದವಳಾಗಿದ್ದಳು ಎಂದು ಆಗ ಗೊತ್ತಾಯಿತು. ಏಕವಚನ ಬಂತು, ಇರಲಿ, ಮೂಟೆಯ ಮೇಲೆ ಕೂತಾಗ ಮನಸ್ಸಿಗೆ ಬಂದದ್ದು ಹಾಗೇ. ಪ್ರೀತಿಯಿಂದ ಬರಬೇಡ ಅಂದಿದ್ದರು. ಆಮೇಲೆ ಬರಲಿ ಎಂದು ಕಾದಿದ್ದರು. ಬೇಡ ಅಂದವರು ತಾವೇ ಆದ್ದರಿಂದ ಯಾರ ಹತ್ತಿರವೂ ಹೇಳಿಕೊಳ್ಳುವ ಹಾಗಿರಲಿಲ್ಲ. ನಾನು ತಮ್ಮನಿಗೆ ಅದೇ ಮಾತನ್ನು ಅಕ್ಷರ ಬಿಡದೆ ಹೇಳಿದಾಗ ನನ್ನ ಮುಖವನ್ನು ಯಾಕೆ ಹಾಗೆ ನೋಡಿದರೋ ಈಗ ತಿಳಿಯಿತು. ನನಗೂ ಮುಂದೆ ಒಂದು ಮಂಡಿ ನೋವು ಬರುವುದು ಬೇಡ ಎಂದು ಅವರು ಫೋನು ಬೋರಲು ಹಾಕಿದರೆ, ನಾನು ಅವರಿಗೆ ಅಂಥ ಮಾತು ಆಡಿದ್ದೆ. ನನ್ನ ಬಾಯಿಗೆ ನನ್ನದೇ ದನದ ಸೂಜಿ ಚುಚ್ಚಬೇಕು ಅನಿಸಿತು.

"ನಾಳೆ ಬಾ" ಅಂದೆ ಅವನಿಗೆ.

"ಹನ್ನೊಂದು ವರ್ಷ ಆದ್ಮೇಲೆ ಯಾವ ಮುಖ ಇಟ್ಕೊಂಡು ಬರ್ಲಿ? ಬೈತಾರೆ."

"ಬೈತಾರೆ. ಬೈಸ್ಕೋ. ಮಂಡಿ ನೋವು ಅಂತಾರೆ, ನಂಬಬೇಡ. ಮತ್ತೆ, ನಾನು ಇಲ್ಲಿ ಬಂದಿದ್ದೆ ಅಂತ ಬಾಯಿ ಬಿಟ್ಟೆಯೋ, ನಿನ್ನ ಗ್ರಹಚಾರ ನೆಟ್ಟಗಿರಲ್ಲ."

ಮಾರನೆಯ ದಿನ ಅತ್ತೆ ಜಗಲಿಯ ಮೇಲೆ ಕೂರಲಿಲ್ಲ. ಹಳೇ ಸೀರೆಯಲ್ಲೇ ಒಳಗೆ ಅಕ್ಕಿ ಆರಿಸುತ್ತಿದ್ದರು. ನನ್ನ ಮಾತು ಅಷ್ಟು ಕೆಲಸ ಮಾಡಿತ್ತು. ಹನ್ನೊಂದು ಗಂಟೆಗೆ ಬಾಗಿಲಲ್ಲಿ ನೆರಳಾಯಿತು. ಬಾಳೆಹಣ್ಣಿನ ಚಿಪ್ಪು, ಹೂವು, ಕವರಿನಲ್ಲಿ ಒಂದು ಸೀರೆ. ಸ್ನಾನ ಮಾಡಿ ಬಂದಿದ್ದರೂ ಕಿವಿಯ ಸಂದಿಯಲ್ಲಿ ಹಿಟ್ಟು ಹಾಗೇ ಇತ್ತು.

"ಯಾರದು?" ಅಂದರು ಅತ್ತೆ. ಯಾರು ಎಂದು ಅವರಿಗೆ ಚೆನ್ನಾಗಿ ಗೊತ್ತಿತ್ತು.

"ನಾನು ಅತ್ತೆ."

"ಗಿರಣಿ ಯಾರು ನೋಡ್ಕೊಂತಾರೆ?"

"ಬೀಗ ಹಾಕ್ಕೊಂಡು ಬಂದೆ."

"ಹಬ್ಬದ ಮುಂದೆನಾ?"

"ಹಬ್ಬದ ಮುಂದೆನೇ."

ಅತ್ತೆ ಮೊರ ಕೆಳಗಿಟ್ಟು ಒಳಗೆ ಹೋದರು. ತುಂಬ ಹೊತ್ತು ಬರಲಿಲ್ಲ. ಬಂದಾಗ ಒಂದು ಕೈಯಲ್ಲಿ ಬೆಲ್ಲ, ಒಂದು ಕೈಯಲ್ಲಿ ನೀರಿನ ಚೊಂಬು. ಚೊಂಬು ಕೊಡುವಾಗ ಅರ್ಧ ನೀರು ಅವನ ಪಾದದ ಮೇಲೆ ಬಿತ್ತು. ಅವನು ಉಳಿದ ಅರ್ಧ ಕುಡಿದು, ನೆಲದ ಮೇಲೆ ಕೂತು, "ಅಪ್ಪ ಇದ್ದಿದ್ರೆ ಬರ್ತಿದ್ರು. ಅವರ ಬದಲು ನಾನು ಬಂದಿದೀನಿ. ಹಬ್ಬಕ್ಕೆ ಬಾ ಅತ್ತೆ" ಅಂದ.

"ಮಂಡಿ ನೋವು ಕಣಪ್ಪಾ" ಅಂದರು ಅತ್ತೆ. ಅಭ್ಯಾಸಬಲ.

"ಹೊತ್ಕೊಂಡು ಹೋಗ್ತೀನಿ. ದಿನಾ ಮೂಟೆ ಹೊರೋನಿಗೆ ನೀನು ಒಂದು ಭಾರಾನಾ?"

ಅತ್ತೆ ಸೆರಗಿನಲ್ಲಿ ಮುಖ ಮುಚ್ಚಿಕೊಂಡರು. ನಗುತ್ತಿದ್ದರೋ ಅಳುತ್ತಿದ್ದರೋ, ಭುಜ ಮಾತ್ರ ಕುಲುಕುತ್ತಿತ್ತು. ಆಮೇಲೆ ಮಾವನ ಕಡೆ ತಿರುಗಿ, "ಹೋಗ್ಲಾ?" ಅಂದರು. ಮಾವ ಪೇಪರ್ ಇಳಿಸದೆ, "ನನ್ನನ್ನೇನು ಕೇಳ್ತೀಯ? ಮನೆ ನೋಡ್ಕೊಳೋಳನ್ನ ಕೇಳು" ಅಂದರು.

ಅತ್ತೆ ನನ್ನ ಕಡೆ ತಿರುಗಿದರು. ಎಪ್ಪತ್ತು ದಾಟಿದ ಹೆಂಗಸು, ನನಗೆ ಅನ್ನ ಬಸಿಯುವುದನ್ನು ಕಲಿಸಿದವರು. "ಏನಮ್ಮ, ಕಳಿಸ್ತೀಯಾ?" ಅಂದರು.

ತಪ್ಪಾಯಿತು ಅನ್ನುವುದಕ್ಕೆ ಅದಕ್ಕಿಂತ ಒಳ್ಳೆಯ ಗಳಿಗೆ ಇರಲಿಲ್ಲ. ಆದರೆ "ಹೋಗಿ ಬನ್ನಿ ಅತ್ತೆ" ಅನ್ನುವಷ್ಟರಲ್ಲಿ ಸಾಕುಸಾಕಾಯಿತು. ಅವರು ತಮ್ಮ ಲಿಂಗಪೂಜೆಯ ಪೆಟ್ಟಿಗೆ, ನಾಲ್ಕು ಸೀರೆ ಜೋಡಿಸಿಕೊಂಡು ಊಟ ಮಾಡಿ ಹೊರಟೇಬಿಟ್ಟರು. ಕಾರಿನಲ್ಲಿ ಬಿಡುತ್ತೇನೆ ಎಂದರೆ ಬೇಡ ಅಂದರು. ಕರೆಯಲು ಬಂದವನ ಜೊತೆ ಬಸ್ಸಿನಲ್ಲೇ ಹೋಗಬೇಕಂತೆ. ಹೊರಡುವಾಗ ಮಾವನಿಗೆ ಮಾತ್ರೆ ಎಲ್ಲಿದೆ, ನಮ್ಮ ಮನೆಯವರಿಗೆ ಹಾಲು ಎಷ್ಟು ಕೊಳ್ಳಬೇಕು, ಎಲ್ಲ ಹೇಳಿದರು. ನನಗೆ ಒಂದು ಸೂಚನೆಯನ್ನೂ ಕೊಡಲಿಲ್ಲ. ಬಾಗಿಲ ಹತ್ತಿರ ನಿಂತು, ಬಸ್ ಸ್ಟ್ಯಾಂಡಿನ ಕಡೆ ಬೀದಿ ತಿರುಗುವ ತನಕ ನೋಡಿದೆ. ಅವರು ತಿರುಗಿ ನೋಡಲಿಲ್ಲ.

ಮನೆಯಲ್ಲಿ ಒಬ್ಬಳಾದರೂ ಹೆಂಗಸು ಇರಬೇಕಲ್ಲ, ನಾನು ಊರಿಗೆ ಹೋಗಲಿಲ್ಲ. ಗೌರಿಯನ್ನು ಇಟ್ಟೆ, ಕಡುಬು ಮಾಡಿದೆ, ಕಡುಬು ಒಡೆಯಿತು, ಒಡೆಯಿತು ಎಂದು ಹೇಳುವವರು ಇರಲಿಲ್ಲ. ಮಧ್ಯಾಹ್ನ ನನ್ನ ತಮ್ಮ ಬಾಗಿನದ ಮೊರ ಹೊತ್ತುಕೊಂಡು ಬಂದ. ಅವನಿಗೆ ಎಲ್ಲವನ್ನೂ ಹೇಳಿದೆ. ಕಡುಬು ತಿನ್ನುತ್ತಾ ಗಂಭೀರವಾಗಿ ಕೇಳಿದ. ಕೊನೆಗೆ, "ಅಂದ್ರೆ ಮುಂದಿನ ವರ್ಷ ನಾನು ಬರ್ಬೇಕಾ, ಬರಬಾರದಾ? ಒಂದು ಸರಿ ಹೇಳಿಬಿಡು ಅಕ್ಕಾ" ಅಂದ.

"ಬಾರೋ ಕತ್ತೆ. ನಾನು ಬೇಡ ಅಂದ್ರೂ ಬಾ" ಅಂದೆ. ಅಷ್ಟಕ್ಕೇ ನನಗೆ ಅಳು ಬಂತು. ಅವನಿಗೆ ಏನೂ ಅರ್ಥವಾಗದೆ ಇನ್ನೊಂದು ಕಡುಬು ತೆಗೆದುಕೊಂಡ.

ಮೂರು ದಿನಕ್ಕೆ ಬರುತ್ತಾರೆ ಎಂದುಕೊಂಡಿದ್ದ ಅತ್ತೆ ಬರಲಿಲ್ಲ. ನಾಲ್ಕನೆಯ ದಿನವೂ ಇಲ್ಲ. ನಮ್ಮ ಮನೆಯವರು ಫೋನ್ ಮಾಡಿದರೆ "ಇರ್ತೀನಿ" ಅಂದರಂತೆ. ಮಾವ ಪೇಪರನ್ನು ಎರಡೆರಡು ಸಲ ಓದತೊಡಗಿದರು. ನನಗೋ ಅವರು ಇನ್ನು ಬರುವುದೇ ಇಲ್ಲವೇನೋ ಎಂಬ ದಿಗಿಲು. ಐದನೆಯ ದಿನ ಆಸ್ಪತ್ರೆಯ ಹಿಂದೆ, ಹಸುಗಳನ್ನು ಕಟ್ಟುವ ಕಂಬದ ಹತ್ತಿರ ನಿಂತು ಫೋನ್ ಹಚ್ಚಿದೆ. ಎದುರಿಗೆ ಮುಖ ಇಲ್ಲದಿದ್ದರೆ ಹೇಳಿಬಿಡಬಹುದು ಎಂದು ಧೈರ್ಯ. ಅತ್ತೆ "ಹಲೋ" ಅಂದ ಕೂಡಲೇ ಉಸಿರು ಬಿಡದೆ, "ಅತ್ತೆ, ಅವತ್ತು 'ಯಾರೂ ಬಂದಿಲ್ಲ' ಅಂತ ಅಂದಿದ್ದು ನಂದೇ ತಪ್ಪು, ಕ್ಷಮಿಸಿಬಿಡಿ, ಮನೆಗೆ ಬನ್ನಿ" ಅಂದೆ.

"ಏನು? ಕೇಳಿಸ್ತಿಲ್ಲ. ಇಲ್ಲಿ ಗಿರಣಿ ಸದ್ದು."

ಜೋರಾಗಿ ಹೇಳಿದೆ. ಕಂಬಕ್ಕೆ ಕಟ್ಟಿದ್ದ ಎಮ್ಮೆ ತಿರುಗಿ ನೋಡಿತು.

"ಉಹುಂ, ಕೇಳಿಸ್ತಿಲ್ಲ ಕಣೇ. ಅಂಥದ್ದೇನಾದ್ರೂ ಇದ್ರೆ ಎದುರಿಗೆ ಬಂದು ಹೇಳು" ಎಂದು ಇಟ್ಟುಬಿಟ್ಟರು.

ಮತ್ತೆ ರಜೆ ಹಾಕಿದೆ. ಮತ್ತೆ ಅಜ್ಜಂಪುರದ ದಾರಿ ಹಿಡಿದೆ. ಬರಿಗೈಯಲ್ಲಿ ಹೋಗಬಾರದು ಎಂದು ಪೇಟೆಯಲ್ಲಿ ಹಣ್ಣು ಹೂವು ಕೊಂಡೆ. ಗಿರಣಿಯ ಮುಂದೆ ಸ್ಟೂಲಿನ ಮೇಲೆ ಅತ್ತೆ ಕೂತಿದ್ದರು, ಅಣ್ಣನ ಮಗ ಕೊಟ್ಟ ಹೊಸ ಸೀರೆ ಉಟ್ಟು, ಯಾರ ಡಬ್ಬ ಮೊದಲು ಯಾರದ್ದು ಆಮೇಲೆ ಎಂದು ಊರ ಹೆಂಗಸರಿಗೆಲ್ಲ ತೀರ್ಪು ಕೊಡುತ್ತಾ. ಮುಖ ಹತ್ತು ವರ್ಷ ಚಿಕ್ಕದಾಗಿತ್ತು. ನನ್ನನ್ನು ನೋಡಿದರು, ನನ್ನ ಕೈಲಿದ್ದ ಹಣ್ಣು ಹೂವು ನೋಡಿದರು.

"ತಪ್ಪಾಯ್ತು ಅತ್ತೆ. ಆ ಮಾತು ಆಡಬಾರದಿತ್ತು. ಕರ್ಕೊಂಡು ಹೋಗೋಕೆ ಬಂದಿದೀನಿ" ಅಂದೆ.

"ಏನಂದೆ?" ಅಂದರು, ಕಿವಿಗೆ ಕೈ ಹಚ್ಚಿ.

ಎರಡನೆಯ ಸಲ ಹೇಳುವಷ್ಟರಲ್ಲಿ ಆ ಪುಣ್ಯಾತ್ಮ ಗಿರಣಿ ನಿಲ್ಲಿಸಿಬಿಟ್ಟ. ಡಬ್ಬ ಹಿಡಿದವರೆಲ್ಲ ಅಕ್ಷರಕ್ಷರ ಕೇಳಿಸಿಕೊಂಡರು. ಅತ್ತೆ ಎದ್ದು ಬಂದು ನನ್ನ ಕೈಯಿಂದ ಹಣ್ಣು ಹೂವು ತೆಗೆದುಕೊಂಡರು. ಇನ್ನೊಂದು ಕೈಯಲ್ಲಿ ನನ್ನ ಮುಂಗೈ ಹಿಡಿದರು, ಬಿಡಲಿಲ್ಲ.

"ಚಿಪ್ಪು ಆರಿಸೋಕೂ ಬರಲ್ಲ ನಿನಗೆ, ಅರ್ಧ ಕಾಯಿ" ಅಂದರು. ಒಂದು ವಾರದ ಮೇಲೆ ಕೇಳಿದ ಮೊದಲ ಬೈಗುಳ ಅದು. "ಕಾಲು ತೊಳ್ಕೊಂಡು ಒಳಗೆ ಬಾ, ಊಟ ಮಾಡು. ಉಂಡು ನೀನು ಹೊರಡು. ಇನ್ನು ನಾಲ್ಕು ದಿನ ಬಿಟ್ಟು ಬಂದು ಕರಿ. ಹನ್ನೊಂದು ವರ್ಷದ ಹಬ್ಬ ಬಾಕಿ ಇದೆ ಕಣೇ ನನಗೆ."